ಬೀಳದೆ ನಿಂತ ಪೊಲೀಸ್

ಲಾಸ್ ಏಂಜಲೀಸಿನ ಮೂಕಿ ಚಿತ್ರಗಳಲ್ಲಿ ಪೆದ್ದು ಪೊಲೀಸರ ವೇಷ ಹಾಕಿ, ಬಿದ್ದೂ ಬಿದ್ದೂ ಹೊಟ್ಟೆ ಹೊರೆಯುತ್ತಿದ್ದ ಅಣ್ಣತಮ್ಮಂದಿರಲ್ಲಿ ಅಣ್ಣ ಫಿನ್ ಜ್ವರಕ್ಕೆ ತೀರಿಕೊಂಡ. ತಮ್ಮ ಲೆಸ್ಟರನಿಗೆ ಅಳು ಬರಲಿಲ್ಲ. ಏನೂ ಬರಲಿಲ್ಲ. ನಿರ್ದೇಶಕ ಗ್ರಿಮ್ಸ್ ಮಹಾ ಧಾರಾಳಿ. ಹೆಣ ಮಣ್ಣು ಮಾಡಲು ಊಟದ ಬಿಡುವನ್ನು ಕೊಟ್ಟ. ವೇಷ ಕಳಚಲು ಹೊತ್ತೆಲ್ಲಿ? ಲೆಸ್ಟರ್ ಸೇರಿ ಪೊಲೀಸ್ ವೇಷದ ಆರು ಮಂದಿಯೂ ದೊಗಲೆ ಕೋಟು, ಅಂಟುಮೀಸೆಯಲ್ಲೇ ಶವಪೆಟ್ಟಿಗೆಗೆ ಹೆಗಲು ಕೊಟ್ಟರು.

"ಬೀಳಿಸ್ಬೇಡ ಕಣೋ," ಎಂದಳು ಅತ್ತಿಗೆ ನೋರಾ. "ಅವರು ಬದುಕಿದ್ದಾಗ ಬಿದ್ದಿದ್ದೇ ಸಾಕು."

ಲೆಸ್ಟರ್ ತಲೆಯಾಡಿಸಿದ. ಮುಂದಿನ ಹೆಗಲು ಅವನದೇ.

ಬೀದಿಗೆ ಬಂದರೋ ಇಲ್ಲವೋ, ಜನ ಗುರುತು ಹಿಡಿದರು. ಕ್ಷೌರದಂಗಡಿಯಿಂದ ಗಲ್ಲಕ್ಕೆ ನೊರೆ ಹಚ್ಚಿಕೊಂಡವನೂ ಎದ್ದುಬಂದ. ಕ್ಯಾಮೆರಾ ಎಲ್ಲಿ ಅಡಗಿದೆಯೆಂದು ಎಲ್ಲರೂ ಹುಡುಕಿದರು. ಜನರನ್ನು ಬೈದು ಫಲವಿಲ್ಲ. ನಿಜವಾದ ಮೆರವಣಿಗೆ ಕಂಡಲ್ಲೆಲ್ಲ ನುಗ್ಗಿ ಪುಕ್ಕಟೆ ಚಿತ್ರ ತೆಗೆಯುವುದು ಈ ಕಂಪನಿಯ ಚಾಳಿಯೇ ಆಗಿತ್ತು.

"ನೋಡ್ತಿರಿ, ಪೆಟ್ಟಿಗೇಲಿರೋನು ಈಗ ಎದ್ದು ಓಡ್ತಾನೆ!" ಎಂದನೊಬ್ಬ.

ನಗು ಎದ್ದಿತು. ಕಷ್ಟ ಶುರುವಾದದ್ದೇ ಆಗ. ಚಿತ್ರಗಳಿಗೆ ಬರುವ ಮೊದಲು ನಾಟಕರಂಗದ ಮೇಲೆ ಬೀಳುತ್ತಿದ್ದ ದಿನಗಳಿಂದಲೂ ಲೆಸ್ಟರನ ಮೊಣಕಾಲು ಕಲಿತದ್ದು ಒಂದೇ ಪಾಠ: ನಗು ಏರುವ ತನಕ ತಡೆ, ತುದಿ ಮುಟ್ಟಿದಾಗ ಬೀಳು. ಮನಸ್ಸು ಕಲ್ಲಾಗಿದ್ದರೂ ಕಾಲು ಪಾಠ ಮರೆತಿರಲಿಲ್ಲ. ಅದು ತಾನಾಗಿ ಸಡಿಲಗೊಂಡಿತು. ಪೆಟ್ಟಿಗೆ ವಾಲಿತು. ಜನ ಹೋ ಎಂದರು.

"ಲೆಸ್ಟರ್!" ಹಿಂದಿನಿಂದ ನೋರಾ ಕೂಗಿದಳು.

ಅವನು ಹಲ್ಲುಕಚ್ಚಿ ಎರಡೂ ಕಾಲನ್ನು ಕೊರಡು ಮಾಡಿಕೊಂಡ. ಹಾಗೇ ಸ್ಮಶಾನದ ಗುಡ್ಡ ಹತ್ತಿ ಅಣ್ಣನನ್ನು ಅಲುಗದಂತೆ ಕುಳಿಗೆ ಇಳಿಸಿದ. ಯಾರೂ ಬೀಳದ್ದಕ್ಕೆ ಬೇಸತ್ತ ಜನ ಅರ್ಧ ದಾರಿಯಲ್ಲೇ ಚದುರಿದ್ದರು. ನೋರಾ ಅವನ ಕೈ ಹಿಡಿದಳು. ಹಿಡಿದದ್ದು ಅವನಿಗೆ ಗೊತ್ತೇ ಆಗಲಿಲ್ಲ.

ಮಧ್ಯಾಹ್ನ ರಸ್ತೆಗೆ ಸಾಬೂನು ನೀರು ಸುರಿದು ಚಿತ್ರೀಕರಣ ಶುರುವಾಯಿತು. ಮೂಲೆ ತಿರುಗಿ ಓಡಿಬಂದ ಪೊಲೀಸರು ಒಬ್ಬರ ಮೇಲೊಬ್ಬರು ಉರುಳಿದರು. ಲೆಸ್ಟರ್ ಮಾತ್ರ ನಿಂತಂತೆಯೇ ಜಾರಿ ಬಂದು, ರಾಶಿಯ ನಡುವೆ ನೆಟ್ಟಗೆ ನಿಂತ. ಮೊಣಕಾಲು ಮಡಿಸಲು ನೋಡಿದ. ಮಡಿಯಲಿಲ್ಲ.

"ಬೀಳೋ ಲೇ, ಮರದ ಗೊಂಬೆ!" ಗ್ರಿಮ್ಸ್ ಅರಚಿದ. ಮರುಗಳಿಗೆ ಅವನೇ ಹೊಟ್ಟೆ ಹಿಡಿದುಕೊಂಡು ನಕ್ಕ. "ನಿಲ್ಲಿಸ್ಬೇಡ್ರೋ, ಕ್ಯಾಮೆರಾ ತಿರುಗಿಸ್ತಾ ಇರಿ! ಇದೇ ಚೆಂದ! ಅದೇ ಸತ್ತ ಮುಖ ಇಟ್ಕೊಂಡು ನಿಂತಿರು ಲೆಸ್ಟರ್, ಇನ್ಮೇಲೆ ನಿಂಗೆ ಇದೇ ಕೆಲಸ!"

ಲೆಸ್ಟರ್ ಕಾಲಬುಡದ ರಾಶಿಯಲ್ಲಿ ಮಿಸುಕುತ್ತಿದ್ದ ಮುಖಗಳನ್ನು ಒಂದೊಂದಾಗಿ ನೋಡಿದ. ಇಷ್ಟು ದಿನ ಪ್ರತಿ ಸಲವೂ ಅವನು ಬೀಳುವ ಮೊದಲೇ ಫಿನ್ ಬಿದ್ದು, ಕೆಳಗೆ ಮೈಯೊಡ್ಡಿಕೊಂಡು ಕಾಯುತ್ತಿದ್ದ. ಇವತ್ತು ಅಲ್ಲಿ ಫಿನ್ ಇರಲಿಲ್ಲ. ಇನ್ನು ಬೀಳುವುದಾದರೂ ಯಾರ ಮೇಲೆ ಎಂದು ತಿಳಿಯದೆ ಅವನು ನಿಂತೇ ಇದ್ದ.