ಆರದ ತಿಂಗಳು

ಆ ಊರಿನಲ್ಲಿ ತಿಂಗಳು ಎಂದರೆ ದೀಪ. ಗೋಪುರದ ತುದಿಯ ಕಂಚಿನ ಬೋಗುಣಿಗೆ ಅಳತೆಯ ಎಣ್ಣೆ ಸುರಿದು ಬತ್ತಿ ಹಚ್ಚಿದರೆ ತಿಂಗಳು ಹುಟ್ಟಿತು, ಎಣ್ಣೆ ತೀರಿ ದೀಪ ಆರಿದರೆ ತಿಂಗಳು ಮುಗಿಯಿತು. ಚಂದ್ರನನ್ನು ಕೇಳುವವರಿಲ್ಲ, ಬೆರಳು ಮಡಚಿ ದಿನ ಎಣಿಸುವವರೂ ಇಲ್ಲ. ಗಾಳಿ ಜೋರಾದರೆ ತಿಂಗಳು ಬೇಗ ಮುಗಿಯುತ್ತದೆ, ಚಳಿ ಬಿದ್ದರೆ ಎಳೆಯುತ್ತದೆ, ಅಷ್ಟೇ. ಸಂಬಳ, ಮದುವೆ, ಗಲ್ಲು, ಎಲ್ಲಕ್ಕೂ ಆ ದೀಪವೇ ಯಜಮಾನ.

ಆ ಯಜಮಾನನನ್ನು ನೋಡಿಕೊಳ್ಳುವವಳು ಬತ್ತಿಯಕ್ಕ. ಅಮ್ಮನ ಕಾಲದಿಂದ ಬಂದ ಕೆಲಸ. ಬತ್ತಿ ಹೊಸೆಯುವುದು, ಕರಿ ಕೊಡವುವುದು, ಆರಿದಾಗ ಗಂಟೆ ಬಾರಿಸಿ ಹೊಸ ದೀಪ ಹಚ್ಚುವುದು. ಇಷ್ಟು ವರ್ಷದಲ್ಲಿ ಒಂದು ತೊಟ್ಟು ಎಣ್ಣೆ ಆಚೀಚೆ ಮಾಡಿದವಳಲ್ಲ. ಈ ಸಲ ಮಾತ್ರ ಮಾಡಬಾರದ್ದನ್ನು ಮಾಡುತ್ತಿದ್ದಳು. ದಿನಾ ಬೆಳಿಗ್ಗೆ ಬತ್ತಿಯಿಂದ ಒಂದೊಂದೇ ಎಳೆ ಕಿತ್ತು ತೆಗೆದು ತೆಗೆದು, ಉರಿಯನ್ನು ಅವರೆಕಾಳಿನಷ್ಟಕ್ಕೆ ಇಳಿಸಿದ್ದಳು. ಎಣ್ಣೆ ಇಳಿಯಲೇ ಒಲ್ಲದು.

ಇನ್ನೇನು ಮಾಡಿಯಾಳು? ಒಡಹುಟ್ಟಿದ ತಮ್ಮ ಜೈಲಿನಲ್ಲಿದ್ದ. ಹೆಂಚು ಹೊದಿಸುವ ಕೆಲಸದವನು, ಬಾಯಿ ಸ್ವಲ್ಪ ಜೋರು. ಗೋದಾಮಿನ ಧಣಿಯ ಜೊತೆ ಬೆಳಿಗ್ಗೆ ಜಗಳವಾಡಿದ್ದ. ಅದೇ ರಾತ್ರಿ ಗೋದಾಮಿಗೆ ಬೆಂಕಿ ಬಿದ್ದು ಕಾವಲುಗಾರ ಸತ್ತುಹೋದ. ಅವನಲ್ಲದೆ ಇನ್ಯಾರು ಎಂದಿತು ಊರು. ನಿಜಕ್ಕೂ ತಮ್ಮ ಅಂದು ಹೊರಗಿನಿಂದ ಬಂದು ಉಪ್ಪು ಮಾರುವ ಉಪ್ಪಿನವನ ಮಳಿಗೆಯ ಮಾಡು ಸರಿಮಾಡಿ, ಅವನ ಜೊತೆಗೇ ಉಂಡು, ಅಲ್ಲೇ ಮಲಗಿದ್ದ. ಇದನ್ನು ಬಲ್ಲವನು ಉಪ್ಪಿನವನೊಬ್ಬನೇ. ಆ ಮಹಾನುಭಾವ ಬೆಳಕು ಹರಿಯುವ ಮುಂಚೆಯೇ ದೋಣಿ ಹತ್ತಿ ಹೊಳೆ ದಾಟಿ ಎಲ್ಲಿಗೋ ಹೋಗಿಬಿಟ್ಟಿದ್ದ. ನ್ಯಾಯಾಧೀಶರು ಕಾಯಲಿಲ್ಲ. ಈ ತಿಂಗಳು ಆರಿದ ದಿನ, ಸೂರ್ಯ ಮುಳುಗುವ ಮುನ್ನ ಗಲ್ಲು ಎಂದುಬಿಟ್ಟರು.

ಉಪ್ಪಿನವನು ಬರುವ ತನಕ ತಿಂಗಳು ಆರಬಾರದು. ಬತ್ತಿಯಕ್ಕನ ತಲೆಯಲ್ಲಿ ಇದೊಂದೇ.

ಊರು ಗೊಣಗತೊಡಗಿತು. ಸಂಬಳವಿಲ್ಲದ ನೇಕಾರರು ಮುಖ ಗಂಟಿಕ್ಕಿಕೊಂಡು ತಿರುಗಿದರು. ಬರುವ ತಿಂಗಳು ಮದುವೆ ನಿಶ್ಚಯವಾಗಿದ್ದ ಹುಡುಗನೊಬ್ಬ ಗೋಪುರದ ಬುಡದಲ್ಲಿ ನಿಂತು, ಕೆನ್ನೆಯುಬ್ಬಿಸಿ ಮೇಲಕ್ಕೆ ಉಫ್ ಉಫ್ ಎಂದು ಊದಿ ಎಲ್ಲರನ್ನೂ ನಗಿಸಿದ. ಗೋಪುರದ ಮೇಸ್ತ್ರಿ ಏದುಸಿರು ಬಿಡುತ್ತ ಮೆಟ್ಟಿಲು ಹತ್ತಿ ಬಂದ.

"ಏನಮ್ಮಾ, ಈ ತಿಂಗಳಿಗೇನು ಬಂದಿದೆ ರೋಗ?"

"ಚಳಿ ಅಣ್ಣಾ. ಎಣ್ಣೆ ಗಟ್ಟಿಯಾಗಿದೆ."

"ನನಗೇನೋ ಬೆವರು ಸುರೀತಿದೆ," ಎಂದು ಅವನು ಅವಳನ್ನೇ ದಿಟ್ಟಿಸಿ ನೋಡಿ, ಇಳಿದು ಹೋದ. ಬತ್ತಿಯಕ್ಕ ಕಿಟಕಿಗೆ ಓಡಿ ಹೊಳೆಯ ಕಡೆ ನೋಡಿದಳು. ಒಂದು ಹಾಯಿಯೂ ಕಾಣಲಿಲ್ಲ. ಅಯ್ಯೋ ದೇವರೇ, ಎಲ್ಲಿ ಹಾಳಾಗಿ ಹೋದೆಯೋ ಮಾರಾಯ ಎಂದು ಗಟ್ಟಿಯಾಗಿಯೇ ಅತ್ತಳು.

ಮರುದಿನ ಬೆಳಿಗ್ಗೆ ಹೊಸ ತಿಂಗಳ ಎಣ್ಣೆ ಹೊತ್ತುಕೊಂಡು ಎಣ್ಣೆಯಮ್ಮ ಬಂದಳು. ಆಚೆ ದಡದ ಗಾಣದಿಂದ ಗೋಪುರಕ್ಕೆ ಎಣ್ಣೆ ತರುವವಳು ಅವಳೇ. ಕೊಡ ಇಳಿಸುವ ಮೊದಲೇ ಅವಳ ಬಾಯಿ ಶುರುವಾಗುತ್ತದೆ.

"ಏನೇ ಇದು, ನಿನ್ನ ದೀಪಕ್ಕೆ ಸಾವೇ ಇಲ್ವಾ? ಆಚೆ ದಡದಲ್ಲಿ ವ್ಯಾಪಾರಿಗಳೆಲ್ಲ ಶಾಪ ಹಾಕ್ತಾ ಕೂತಿದಾರೆ. ಆ ಉಪ್ಪಿನವನಂತೂ ದೋಣಿ ತುಂಬ ಮೂಟೆ ಇಟ್ಕೊಂಡು, ಈ ಹಾಳು ತಿಂಗಳು ಯಾವಾಗ ಆರುತ್ತೋ ಅಂತ ನನ್ನ ತಲೆ ತಿಂದ."

ಬತ್ತಿಯಕ್ಕ ಚಿಮಟ ಕೆಳಗಿಟ್ಟು ಅವಳ ಹತ್ತಿರ ಬಂದಳು.

"ಅಲ್ಲೇ ಇದಾನಾ? ಮತ್ತೆ ಯಾಕೆ ಬರಲಿಲ್ಲ?"

"ಚೆನ್ನಾಗಿ ಕೇಳ್ದೆ! ವ್ಯಾಪಾರಿಗೆ ತಿಂಗಳಿಗೆ ಒಂದೇ ಸಲ ತಾನೇ ಊರೊಳಗೆ ಬಿಡೋದು? ಅವನದು ಈ ತಿಂಗಳು ಆಗಿಹೋಯ್ತು. ಬರೋ ತಿಂಗಳು ಬರ್ತೀನಿ ಅಂತ ಹೇಳೇ ಹೋಗಿದ್ನಂತೆ. ಬರೋ ತಿಂಗಳು ಬಂದ್ರೆ ತಾನೇ ಅವನು ಬರೋದು?"

ಊರಿನ ಮಕ್ಕಳಿಗೂ ಗೊತ್ತಿದ್ದ ಕಟ್ಟಳೆ ಬತ್ತಿಯಕ್ಕನಿಗೆ ಗೊತ್ತಿರಲಿಲ್ಲವೇ? ಗೊತ್ತಿತ್ತು. ಆದರೆ ತಮ್ಮನ ಕೊರಳೊಂದೇ ಕಣ್ಣ ಮುಂದಿರುವಾಗ ಕಟ್ಟಳೆ ಯಾರಿಗೆ ನೆನಪಾಗುತ್ತದೆ! ಯಾರಿಗಾಗಿ ತಿಂಗಳು ಹಿಡಿದಿಟ್ಟಳೋ ಅವನನ್ನೇ ಇಷ್ಟು ದಿನ ಆಚೆ ದಡದಲ್ಲಿ ಕಟ್ಟಿಹಾಕಿ ಕೂರಿಸಿದ್ದಳು.

"ಬೆಂಕಿ ಬಿದ್ದ ರಾತ್ರಿ ನನ್ನ ತಮ್ಮ ಅವನ ಮಳಿಗೇಲೇ ಮಲಗಿದ್ದ. ನೀನು ಹೋಗಿ ವಿಷಯ ಹೇಳಿದ್ರೆ? ಕದ್ದಾದ್ರೂ ಬರಲಿ."

"ಕದ್ದು ಬಂದವನ ಸಾಕ್ಷಿ ನಂಬ್ತಾರೇನೇ? ಅವನನ್ನೂ ಒಳಗೆ ಹಾಕ್ತಾರೆ, ಅಷ್ಟೇ."

ತಿಂಗಳು ಆರಿದರೆ ಸಂಜೆಯೊಳಗೆ ತಮ್ಮನ ಗಲ್ಲು. ಆರದಿದ್ದರೆ ಉಪ್ಪಿನವನು ಬರುವುದೇ ಇಲ್ಲ. ಹೊಳೆ ದಾಟಲು ಒಳ್ಳೆಯ ಗಾಳಿಯಿದ್ದರೂ ಮಧ್ಯಾಹ್ನ ದಾಟುತ್ತದೆ. ಬಿಸಿಲು ಆಗಲೇ ಕಿಟಕಿಗೆ ಬಂದಿತ್ತು. ಈಗಲೇ ಆರಿಸಿದರೆ ಮಾತ್ರ ಅವನು ಸಂಜೆಯೊಳಗೆ ಮುಟ್ಟಬಹುದು.

ಎಣ್ಣೆಯಮ್ಮ ಹೊರಟದ್ದೇ ತಡ, ಬತ್ತಿಯಕ್ಕ ಸೆರಗನ್ನು ಮುದ್ದೆಮಾಡಿ ಬೋಗುಣಿಗೆ ಅದ್ದಿದಳು. ಉಳಿದ ಎಣ್ಣೆಯನ್ನೆಲ್ಲ ಬಟ್ಟೆ ಕುಡಿಯಿತು. ಗಡಿಬಿಡಿಯಲ್ಲಿ ಸೆರಗಿನ ತುದಿ ಉರಿಗೆ ತಾಗಿ ಭಗ್ಗೆಂದಿತು. ಬಲಗೈಯಲ್ಲೇ ಅದನ್ನು ಅಮುಕಿ ಹಿಡಿದಳು, ಬಿಡಲಿಲ್ಲ. ಬೆಂಕಿಯೂ ಆರಿತು, ತಿಂಗಳೂ ಆರಿತು. ಚರ್ಮ ಸುಲಿದ ಕೈಯಲ್ಲೇ ಗಂಟೆ ಬಾರಿಸಿದಳು, ಹೊಸ ಎಣ್ಣೆ ಸುರಿದಳು, ದಪ್ಪ ಬತ್ತಿಯೊಂದನ್ನು ಹಚ್ಚಿದಳು. ಕೆಳಗೆ ಊರೆಲ್ಲ ಹೋ ಎಂದು ಕೂಗಿ ಕುಣಿಯಿತು. ಆ ಗದ್ದಲದ ನಡುವೆ ಗಲ್ಲಿನ ದಿನ ಬಾರಿಸುವ ಜೈಲಿನ ನಗಾರಿ ಶುರುವಾದದ್ದು ಅವಳಿಗೊಬ್ಬಳಿಗೆ ಕೇಳಿಸಿತು.

ಓಡಿ ಹೋಗಿ ದೋಣಿಕಟ್ಟೆಯಲ್ಲಿ ನಿಂತಳು. ಗಂಟೆ ಕೇಳಿದ್ದೇ ಆಚೆ ದಡದಿಂದ ಹಾಯಿಗಳು ಹೊರಟಿದ್ದವು. ನಡುಹೊಳೆಗೆ ಬರುವಾಗ ಗಾಳಿ ಬಿದ್ದುಹೋಯಿತು, ಹಾಯಿಗಳು ಜೋತುಬಿದ್ದವು. ಬಿಸಿಲು ಇಳಿಯುತ್ತಿತ್ತು. "ಹುಟ್ಟು ಹಾಕ್ರೋ! ನಿಮ್ಮ ದಮ್ಮಯ್ಯ, ಹುಟ್ಟು ಹಾಕ್ರೋ!" ಎಂದು ಗಂಟಲು ಹರಿಯುವಂತೆ ಕಿರುಚಿದಳು. ಹುಟ್ಟು ಹಾಕುತ್ತ ದೋಣಿಗಳು ದಡಕ್ಕೆ ಹತ್ತಿರವಾದಾಗ ಎದೆಮಟ್ಟದ ನೀರಿಗಿಳಿದು ಉಪ್ಪಿನ ದೋಣಿಯ ಅಂಚು ಹಿಡಿದಳು.

"ಇರಮ್ಮಾ, ಮೂಟೆ ಇಳಿಸ್ತೀನಿ," ಎಂದ ಉಪ್ಪಿನವನು.

"ನಿನ್ನ ಮೂಟೆಗೆ ಬೆಂಕಿ ಬೀಳ! ನನ್ನ ತಮ್ಮನ್ನ ನೇಣಿಗೆ ಹಾಕ್ತಿದಾರೆ. ಆವತ್ತು ರಾತ್ರಿ ನಿನ್ನ ಮಳಿಗೇಲಿ ಮಲಗಿದ್ದೋನನ್ನ!"

ಮೂಟೆ ಬಿಟ್ಟು, ಚಪ್ಪಲಿ ಬಿಟ್ಟು, ಅವಳಿಗಿಂತ ಮುಂದೆ ಅವನೇ ಓಡಿದ.

ಜೈಲಿನ ಅಂಗಳದಲ್ಲಿ ತಮ್ಮನ ಕೊರಳಿಗೆ ಹಗ್ಗ ಹಾಕಿಯಾಗಿತ್ತು. ಉಪ್ಪಿನವನ ಕೂಗಿಗೆ ನ್ಯಾಯಾಧೀಶರು ಕೈ ಎತ್ತಿದರು. ಮಾತು ಮುಗಿಯುವ ಹೊತ್ತಿಗೆ ಹಗ್ಗ ಬಿಚ್ಚಿದರು.

ಮನೆಯ ದಾರಿಯುದ್ದಕ್ಕೂ ತಮ್ಮ, ಅಕ್ಕನ ಭುಜ ಹಿಡಿದು ಕಾಲೆಳೆಯುತ್ತ ನಡೆದ. ತಲೆಗೂದಲು ಬೆಳ್ಳಗಾಗಿತ್ತು. ಹೊಸ್ತಿಲಲ್ಲೇ ಕುಸಿದು ಕುಳಿತ.

"ಅಕ್ಕಾ, ದಿನಾ ಬೆಳಿಗ್ಗೆ ನನ್ನ ಎದುರಿಗೇ ಹಗ್ಗಕ್ಕೆ ಎಣ್ಣೆ ಹಚ್ಚೋರು. ಇವತ್ತು ಆರುತ್ತೆ ಕಣೋ ಅನ್ನೋರು. ಸಂಜೆ ಬಂದು, ಇಲ್ಲ ನಾಳೆ ಅನ್ನೋರು. ಮತ್ತೆ ನಾಳೆ, ಮತ್ತೆ ನಾಳೆ. ಒಂದು ಸಲ ಸಾಯಬೇಕಾದೋನು ಎಷ್ಟು ಸಲ ಸತ್ತೆ ಗೊತ್ತಾ? ನೀನಂತೂ ಒಂದು ತೊಟ್ಟು ಎಣ್ಣೆ ಆಚೀಚೆ ಮಾಡೋಳಲ್ಲ. ಯಾವ ಪಾಪಿ ಆ ತಿಂಗಳನ್ನ ಹಾಗೆ ಎಳೆದನೋ, ಅವನ ಕೈ ಸುಟ್ಟುಹೋಗ್ಲಿ!"

ಬತ್ತಿಯಕ್ಕ ಬಲಗೈಯನ್ನು ಒದ್ದೆ ಸೆರಗಿನೊಳಗೆ ಇನ್ನಷ್ಟು ಒಳಕ್ಕೆ ಎಳೆದುಕೊಂಡಳು.

"ಹ್ಞೂಂ, ಸುಟ್ಟುಹೋಗ್ಲಿ ಬಿಡು," ಎಂದಳು. "ಏಳು, ಊಟ ಮಾಡು."

ಅಂದು ಅವಳು ಎಡಗೈಯಲ್ಲೇ ಬಡಿಸಿದಳು.