ಲಿಫ್ಟಿನಲ್ಲಿ ಸಿಕ್ಕಿಬಿದ್ದವನ ಕತೆ

"ಆಣೆಗೂ ಒಂದಕ್ಷರ ಸುಳ್ಳಲ್ಲ!" ಎಂದು, ಕತೆ ಕಟ್ಟುವುದಕ್ಕೇ 'ಬುರುಡೆ' ಎಂದು ಹೆಸರಾಗಿದ್ದ ಲಿಫ್ಟ್ ಮೆಕ್ಯಾನಿಕ್ಕು ಗಂಟಲಿನ ಚರ್ಮವನ್ನು ಚಿವುಟಿ ಹಿಡಿದುಕೊಂಡ. "ನಮ್ಮ ಸರದಾರ ತಾನೇ ರಿಪೇರಿ ಮಾಡಿದ ಲಿಫ್ಟಲ್ಲಿ ಎರಡು ಗಂಟೆ ಸಿಕ್ಕಿಹಾಕ್ಕೊಂಡ. ಒಳಗಿಂದ ನಮ್ಮಾಫೀಸಿಗೇ ಫೋನು! 'ಲಿಫ್ಟ್ ಕೆಟ್ಟಿದೆ, ಬೇಗ ಆ ಸರದಾರನ್ನ ಕಳಿಸ್ರೀ' ಅಂತ!"

ಪ್ಲಾಸ್ಟಿಕ್ ಕುರ್ಚಿಗಳಲ್ಲಿ ಕೂತಿದ್ದ ವರ್ಕ್‌ಶಾಪಿನವರು ಅದೇ ಸರದಾರನ ಸಾವಿನ ಮನೆಯೆಂಬುದನ್ನು ನೆನೆದು ಕರವಸ್ತ್ರದೊಳಗೇ ನಕ್ಕರು.

"ದೇವರಂಥ ಮನುಷ್ಯ," ಸೂಪರ್‌ವೈಸರು ಕಣ್ಣೊರೆಸಿಕೊಂಡರು. "ಎಷ್ಟು ಗೋಳು ಹೊಯ್ಕೊಂಡ್ರೂ ನಗ್ತಿದ್ದ."

"ನನಗಿಂತ ಜೋರಾಗಿ ನಗ್ತಿದ್ದ ಸಾರ್!" ಎಂದ ಬುರುಡೆ.

ಬುರುಡೆಯದೂ ಸರದಾರನದೂ ಲಿಫ್ಟ್ ರಿಪೇರಿಯಲ್ಲಿ ಇಪ್ಪತ್ತಾರು ವರ್ಷದ ಜೋಡಿ. ಕೆಟ್ಟ ಲಿಫ್ಟನ್ನು ಸರದಾರ ಹಠಮಾರಿ ಎಮ್ಮೆಯಂತೆ ತಟ್ಟಿ ಮಾತನಾಡಿಸುತ್ತಿದ್ದ. ಡಬ್ಬಿ ಬಿಚ್ಚಿದರೆ ಮೊದಲ ತುತ್ತು ಬುರುಡೆಯ ಬಾಯಿಗೆ.

ಕುರ್ಚಿ ಹೊತ್ತು ಬಂದ ಸರದಾರನ ಮಗ ಅಲ್ಲೇ ನಿಂತ. ಮೂವತ್ತರ ಆಳು, ಪೇಟವಿಲ್ಲದ ಗಿಡ್ಡ ಕ್ರಾಪು.

"ಈ ಕತೆ ಏಳನೇ ಕ್ಲಾಸಲ್ಲೇ ಕೇಳಿದೀನಿ ಮಾಮ. ನಿಮ್ಮ ಮಗನೇ ಹೇಳಿದ್ದ. ಕ್ಲಾಸೆಲ್ಲ ಬಿದ್ದು ಬಿದ್ದು ನಕ್ತು. ಆ ವಾರಾನೇ ನಾನು ಕೂದಲು ಕತ್ತರಿಸ್ಕೊಂಡು ಬಂದೆ. ಅಪ್ಪ ಬೈಲಿಲ್ಲ. ಮೂರು ದಿನ ಊಟ ಬಿಟ್ರು, ಅಷ್ಟೆ."

ಅವನು ಕುರ್ಚಿಯನ್ನು ಬುರುಡೆಯ ಎದುರಿಗೆ ಇಳಿಸಿದ.

"ಒಂದು ಕೇಳ್ಲಾ? ಅಪ್ಪ ನಿಜವಾಗ್ಲೂ ಅಷ್ಟು ಪೆದ್ದರಾಗಿದ್ರಾ?"

*

ಅಂದು ಲಿಫ್ಟಿನ ಬಾಗಿಲ ಸ್ಕ್ರೂ ಬಿಗಿಮಾಡಬೇಕಾಗಿದ್ದವನು ಬುರುಡೆ. ಮರೆತು ಟೀಗೆ ಹೋಗಿದ್ದ. ಲಿಫ್ಟು ಮೂರನೇ ಮಹಡಿಗೂ ನಾಲ್ಕಕ್ಕೂ ನಡುವೆ ನಿಂತಿತು. ಒಳಗೆ ಸರದಾರ, ಜೊತೆಗೊಬ್ಬ ಬಸುರಿ.

ಕೊನೆಗೆ ಬಾಗಿಲು ತೆಗೆದಾಗ ಕಟ್ಟಡದ ಮಾಲೀಕ ಕುಣಿದಾಡುತ್ತಿದ್ದ. "ಯಾವನ್ರೀ ಇದನ್ನ ರಿಪೇರಿ ಮಾಡಿದ್ದು?"

ಬುರುಡೆಗೆ ಆಗಲೇ ಎರಡು ಸಲ ಎಚ್ಚರಿಕೆ ಕೊಟ್ಟಾಗಿತ್ತು. ಮೂರನೆಯದೆಂದರೆ ಮನೆಗೇ. ಅಷ್ಟರಲ್ಲಿ ಗುಂಪಿನಿಂದ ಯಾರೋ, "ಸರದಾರ್ಜಿ ಕೈಗೆ ಲಿಫ್ಟ್ ಕೊಟ್ರೆ ಇನ್ನೇನಾಗತ್ತೆ!" ಎಂದರು. ಮಾಲೀಕನಿಗೂ ನಗು ಬಂತು, ಕೋಪ ಇಳಿಯಿತು. ಬುರುಡೆಯೂ ನಕ್ಕ. ಸರದಾರ ಅವನ ಮುಖವನ್ನೊಮ್ಮೆ ನೋಡಿ, ಎಲ್ಲರಿಗಿಂತ ಕೊನೆಗೆ ನಕ್ಕ.

ಫೋನಿನ ಭಾಗವನ್ನು ಬುರುಡೆ ಮಾರನೇ ದಿನ ಸೇರಿಸಿದ.

*

"ಇಲ್ಲ ಮಗ," ಎಂದ ಬುರುಡೆ. ಸೂಪರ್‌ವೈಸರು ಮುಂದಿನ ನಗುವಿಗೆ ಕರವಸ್ತ್ರ ಸಿದ್ಧಮಾಡಿಕೊಂಡರು. "ಫೋನೂ ಇಲ್ಲ, ಗೀನೂ ಇಲ್ಲ. ಸ್ಕ್ರೂ ಮರೆತವನು ನಾನು. ನಿಮ್ಮಪ್ಪಂಗೆ ಗೊತ್ತಿತ್ತು. ಆ ಕತ್ತಲಲ್ಲಿ ಎರಡು ಗಂಟೆ ಆ ಹೆಣ್ಮಗಳಿಗೆ ಧೈರ್ಯ ಹೇಳ್ತಾ ಕೂತಿದ್ದ. ಹೊರಗೆ ಬಂದ್ಮೇಲೂ ನನ್ನ ಹೆಸರೆತ್ತಲಿಲ್ಲ. ನಾನಾದ್ರೂ ಆವತ್ತೇ..."

ಮಗ ಅಲ್ಲಿರಲಿಲ್ಲ. ಅಷ್ಟು ಕೇಳಿದ್ದೇ ಒಳಕೋಣೆಗೆ ಹೋಗಿ, ಮಲಗಿಸಿದ್ದ ಅಪ್ಪನ ತಲೆಯ ಬಳಿ ಮಂಡಿಯೂರಿದ್ದ. ತಾಯಿ ಅಳುತ್ತ ಕಟ್ಟಿದ್ದ ಪೇಟ ಕಿವಿಯ ಮೇಲೆ ಸಡಿಲವಾಗಿತ್ತು. ಅವನು ಅದನ್ನು ಬಿಚ್ಚಿ, ಬಟ್ಟೆಯ ಒಂದು ತುದಿಯನ್ನು ಹಲ್ಲಿನಲ್ಲಿ ಕಚ್ಚಿಕೊಂಡು, ಮಡಿಕೆಯ ಮೇಲೆ ಮಡಿಕೆ ಎಳೆದು ಕೂರಿಸತೊಡಗಿದ. ಬೆರಳುಗಳು ಎಲ್ಲೂ ತಡವರಿಸಲಿಲ್ಲ.