ದೇವರಿಗೆ ಹಿಡಿದ ಏಡಿ

ಹೆಣ್ಣು ನೋಡಲು ಬಂದ ದಿನ ಕಸ್ತೂರಬಾಯಿ ಕೇಳಿದ್ದು ಒಂದೇ ಪ್ರಶ್ನೆ. "ಕನ್ನಡ ಬರ್ತದೇನವಾ?"

ಶ್ರದ್ಧಾ ತಲೆ ತಗ್ಗಿಸಿ "ಬರ್ತದ್ರಿ" ಎಂದಿದ್ದಳು. ಸುಳ್ಳೇನಲ್ಲ. ಕುರನೂರಿನ ಮನೆಯಲ್ಲಿ ಅಪ್ಪನೊಡನೆ ಜಗಳ, ಎಮ್ಮೆಯೊಡನೆ ಮುದ್ದು, ಎಲ್ಲವೂ ಕನ್ನಡದಲ್ಲೇ ನಡೆಯುತ್ತಿತ್ತು. ಆದರೆ ಕಲಿತದ್ದು ಮರಾಠಿ ಸಾಲೆಯಲ್ಲಿ, ಕನ್ನಡದ ಅಕ್ಷರವೆಂದರೆ ಅವಳ ಕಣ್ಣಿಗೆ ಬರೀ ಜಿಲೇಬಿ. ಅತ್ತೆಯಾಗುವವಳು ಕೇಳಿದ್ದು ಓದುವ ಕನ್ನಡ, ಸೊಸೆಯಾಗುವವಳು ಒಪ್ಪಿದ್ದು ಆಡುವ ಕನ್ನಡ. ಇದಕ್ಕಿಂತ ದೊಡ್ಡ ತಪ್ಪು ತಿಳಿವಳಿಕೆಯ ಮೇಲೆ ಎಷ್ಟೋ ಮದುವೆಗಳು ಆಗಿವೆ, ಬಿಡಿ.

ಸೊಲ್ಲಾಪುರದ ಆ ಓಣಿಯಲ್ಲಿ ಕಸ್ತೂರಬಾಯಿಯ ಮನೆ ಎಂದರೆ ಪುರಾಣದ ಮನೆ. ಕೆಳಗೆ ಮಗ ಅವಿನಾಶನ ಚಾದರದ ಅಂಗಡಿ, ಮೇಲೆ ಪಡಸಾಲೆ. ಶ್ರಾವಣ ಬಂತೆಂದರೆ ದಿನಾ ಮಧ್ಯಾಹ್ನ ಮೂರಕ್ಕೆ ಓಣಿಯ ಹೆಂಗಸರೆಲ್ಲ ಅಲ್ಲಿ ಸೇರುತ್ತಾರೆ. ಕೆಂಪು ಬಟ್ಟೆಯಲ್ಲಿ ಕಟ್ಟಿಟ್ಟ ಒಂದು ಹಳೆಯ ವಹಿ ಇದೆ, ಮನೆಯ ಹಿರಿಯರು ಕೈಯಲ್ಲಿ ಬರೆದಿಟ್ಟ ಶರಣರ ಕಥೆಗಳು. ಓದುವವಳು ನಾಲ್ಕು ಸಾಲು ಓದಬೇಕು, ಆಮೇಲೆ ತಲೆಯೆತ್ತಿ ತನ್ನ ಮಾತಿನಲ್ಲಿ ಅದರ ಅರ್ಥ ಹೇಳಬೇಕು. ಮೂವತ್ತು ವರ್ಷ ಕಸ್ತೂರಬಾಯಿಯೇ ಓದಿದ್ದಳು. ಅದೇ ಸಾಲು, ಅದೇ ಅರ್ಥ. ಹೆಂಗಸರು ದೀಪದ ಬತ್ತಿ ಹೊಸೆಯುತ್ತ, ಒಬ್ಬಿಬ್ಬರು ತೂಕಡಿಸುತ್ತ, ತುಂಬು ಭಕ್ತಿಯಿಂದ ಕೇಳುತ್ತಿದ್ದರು.

ಈ ವರ್ಷ ಶ್ರಾವಣ ಹತ್ತಿರ ಬಂದಾಗ ಕಸ್ತೂರಬಾಯಿಯ ಕಣ್ಣಿಗೆ ಆಪರೇಶನ್ ಆಯಿತು. ಒಂದು ತಿಂಗಳು ಅಕ್ಷರ ನೋಡಕೂಡದು ಎಂದರು ಡಾಕ್ಟರು. ಸುದ್ದಿ ತಿಳಿದದ್ದೇ ತಡ, ಮಹಿಳಾ ಮಂಡಳದ ಶುಭಾಂಗಿಕಾಕು ಬಂದು ಕೂತಳು.

"ನೀವು ಆರಾಮ ಮಾಡ್ರಿ ವಹಿನಿ. ಮೊಬೈಲ್‌ದಾಗ ಅಗದಿ ಛಂದ ಪುರಾಣ ಸಿಗ್ತಾವ. ನಮ್ಮ ಮನ್ಯಾಗ ದೊಡ್ಡ ಸ್ಪೀಕರ್ ಅದ. ಎಲ್ಲಾರೂ ಅಲ್ಲೇ ಬರ್ಲಿ."

ಕಸ್ತೂರಬಾಯಿ ಕಪ್ಪು ಚಷ್ಮಾ ಹಾಕಿಕೊಂಡೇ ಸೊಸೆಯ ಕಡೆ ತಿರುಗಿದಳು. "ಸ್ಪೀಕರ್ ಯಾಕ ಬೇಕು? ನಮ್ಮ ಶ್ರದ್ಧಾ ಓದ್ತಾಳ."

ಮದುವೆಯಾಗಿ ಎಂಟು ತಿಂಗಳಲ್ಲಿ ಅತ್ತೆ ಹೊರಗಿನವರೆದುರು "ನಮ್ಮ ಶ್ರದ್ಧಾ" ಎಂದದ್ದು ಅದೇ ಮೊದಲು. ಬಾಯಿಗೆ ಬಂದಿದ್ದ ನಿಜವನ್ನು ಶ್ರದ್ಧಾ ನುಂಗಿಕೊಂಡಳು. ತನಗೆ ಓದಲು ಬಾರದೆಂದರೆ ಅತ್ತೆಯ ಮರ್ಯಾದೆ ಹೋಗುತ್ತದೆ, ಮನೆಯ ಪುರಾಣ ಕಾಕುವಿನ ಸ್ಪೀಕರಿನ ಪಾಲಾಗುತ್ತದೆ. ಗಂಡನನ್ನು ಕೇಳೋಣವೆಂದರೆ ಅವನೂ ಮರಾಠಿ ಸಾಲೆಯ ಗಿರಾಕಿಯೇ.

ದಾರಿ ತೋರಿಸಿದವನು ಅಪ್ಪ. ಕುರನೂರಿನಲ್ಲಿ ಕಬ್ಬು ಬೆಳೆಯುವ ಭೀಮಶಾ ತನ್ನ ಕಾಲಕ್ಕೆ ಕನ್ನಡ ಸಾಲೆಯಲ್ಲಿ ಏಳನೆಯ ಇಯತ್ತೆವರೆಗೆ ಕಲಿತವನು. ಶ್ರದ್ಧಾ ಬೆಳಿಗ್ಗೆ ಅಂದಿನ ಪುಟದ ಫೋಟೋ ತೆಗೆದು ವಾಟ್ಸಾಪಿನಲ್ಲಿ ಕಳಿಸುವಳು. ಅವನು ಅದನ್ನೆಲ್ಲ ಮರಾಠಿ ಅಕ್ಷರದಲ್ಲಿ ಬರೆದು ಹಿಂದಕ್ಕೆ ಕಳಿಸುವನು. ಇವಳು ಅದನ್ನು ಒಂದು ಹಾಳೆಯ ಮೇಲೆ ಇಳಿಸಿಕೊಂಡು, ಹಾಳೆಯನ್ನು ವಹಿಯೊಳಗೆ ಇಟ್ಟು, ಏನೂ ಅರಿಯದವಳಂತೆ ಓದುವಳು. ಎರಡು ದಿನ ಬೆಣ್ಣೆಯಂತೆ ನಡೆಯಿತು.

ಮೂರನೆಯ ದಿನ ಬಡ ಮುದುಕಿಯ ಅಧ್ಯಾಯ ಬಂತು. ಶ್ರದ್ಧಾ ಸ್ಪಷ್ಟವಾಗಿ ಓದಿದಳು. "ಮುದುಕಿ ಹೊಳೆಗೆ ಹೋದಳು. ಜಳಕ ಮಾಡಿದಳು. ಒದ್ದೆ ಸೀರೆಯಲ್ಲೇ ದೇವರಿಗೆ ಏಡಿ ಹಿಡಿದಳು."

ಬತ್ತಿ ಹೊಸೆಯುವ ಕೈಗಳೆಲ್ಲ ನಿಂತವು. ಶ್ರಾವಣದಲ್ಲಿ ಉಳ್ಳಾಗಡ್ಡಿಯನ್ನೂ ಮುಟ್ಟದ ಹೆಂಗಸರು ಅವರು, ಅಂಥವರ ನಡುವೆ ಏಡಿ! ತೂಕಡಿಸುತ್ತಿದ್ದವರೂ ಎದ್ದು ಕೂತರು. ಶ್ರದ್ಧಾ ಹಾಳೆ ನೋಡಿದಳು, ಏಡಿ ಎಂದೇ ಇತ್ತು. ಇನ್ನು ಅರ್ಥ ಹೇಳಬೇಕು. ಏನು ಹೇಳುವುದು? ಪುಣ್ಯಕ್ಕೆ ಏಡಿಯ ವಿಷಯ ಅವಳಿಗೆ ಯಾರೂ ಕಲಿಸಬೇಕಾಗಿರಲಿಲ್ಲ. ಬೋರಿ ಹೊಳೆಯ ದಂಡೆಯ ಬಿಲಗಳಲ್ಲಿ ಕೈ ಹಾಕಿ, ಕಚ್ಚಿಸಿಕೊಂಡು ಬೆಳೆದವಳು.

"ಆ ಮುದುಕಿ ಮನ್ಯಾಗ ಒಂದು ಹಿಡಿ ಹಿಟ್ಟೂ ಇದ್ದಿದ್ದಿಲ್ರಿ," ಎಂದು ಶುರು ಮಾಡಿದಳು. "ದೇವರಿಗೆ ಏನ್ ಕೊಡ್ಲಿ ಅಂತ ಹೊಳ್ಯಾಗ ನಿಂತಾಳ. ಕೈಗೆ ಒಂದು ಏಡಿ ಸಿಕ್ತು. ಅದು ಬೆರಳು ಕಚ್ಚಿ ರಕ್ತಾ ತಗೀತು. ಮುದುಕಿ ಬಿಡಲಿಲ್ಲ, 'ನೀ ನನ್ನ ದೇವರಿಗೆ ಬೇಕು' ಅಂದ್ಲು. ಹೊಳ್ಳಿಸಿ ನೋಡ್ತಾಳ, ಹೊಟ್ಟಿ ಕೆಳಗ ಎಳ್ಳಿನಷ್ಟೆಷ್ಟ ಮರಿ! ತಾಯಿ ಏಡಿ ಮರಿಗೋಳ್ನ ಹಂಗೇ ಹೊಟ್ಟಿಗೆ ಕಟಗೊಂಡು ತಿರಗತದ್ರಿ, ನಾ ನೋಡೀನಿ. ಮುದುಕಿ ಅದನ್ನ ಹೊಳ್ಳಿ ನೀರಿಗೆ ಬಿಟ್ಲು. ಬರಿಗೈಲೆ ಗುಡಿಗೆ ಹೋಗಿ, 'ಯಪ್ಪಾ, ನಿನಗಂತ ಹಿಡದಿದ್ದೆ, ಬಿಟ್ಟೆ' ಅಂತ ಅತ್ಲು. ಆಗ ದೇವರು ಅಂದ, 'ಹಿಡದಾಗ ನನಗ ಮುಟ್ಟಿದ್ದಿಲ್ಲವ್ವಾ, ಬಿಟ್ಟಾಗ ಮುಟ್ಟಿತು.'"

ಮೂಲೆಯಲ್ಲಿದ್ದ ಗುರುಬಾಯಿ, ಸೊಸೆಯನ್ನು ಬಿಗಿ ಹಿಡಿತದಲ್ಲಿಟ್ಟ ಅತ್ತೆ ಎಂದು ಓಣಿಯಲ್ಲೆಲ್ಲ ಹೆಸರಾದವಳು, ಸೆರಗಿನಿಂದ ಮೂಗು ಒರೆಸಿಕೊಂಡಳು. ಉಯ್ಯಾಲೆಯ ಮೇಲಿದ್ದ ಕಸ್ತೂರಬಾಯಿ ಮಾತ್ರ "ಹೂಂ, ಮುಂದ ಓದು" ಎಂದಳು.

ಎಲ್ಲರೂ ಹೋದ ಮೇಲೆ ಶ್ರದ್ಧಾ ಅಪ್ಪನಿಗೆ ಫೋನ್ ಹಚ್ಚಿದಳು. "ಅಪ್ಪಾ, ಶರಣರ ಪುರಾಣದಾಗ ಏಡಿ ಹೆಂಗ ಬಂತೋ?"

"ಏಡಿ? ಎಡಿ ಹಿಡಿದಳು ಅಂತ ಬರದೀನಲ್ಲವಾ. ದೇವರಿಗೆ ಎಡಿ ಹಿಡಿಯೂದು, ನೈವೇದ್ಯ!"

"ನಮ್ಮ ಮನ್ಯಾಗ ಯಾವಾಗ ಎಡಿ ಅಂದೀರಿ? ನೈವೇದ್ಯ ಅಂತೀರಿ."

"ನಾ ಏನ್ ಮಾಡ್ಲಿ ಮಗಾ, ಮರಾಠ್ಯಾಗ ಸಣ್ಣ ಎ ಇಲ್ಲ. ಇರೂದು ಒಂದೇ ಏ." ಅಷ್ಟು ಹೇಳಿ ಭೀಮಶಾ ನಗಲು ಹತ್ತಿದವನು ನಿಲ್ಲಿಸಲೇ ಇಲ್ಲ. ಮಗಳಿಗೆ ಅಳು ಬಂತು.

ನಾಳೆ ಹೇಳಿಬಿಡೋಣ ಎಂದುಕೊಂಡಳು. ಆದರೆ ಮರುದಿನ ಪಕ್ಕದ ಓಣಿಯಿಂದ ಹೊಸಬರು ನಾಲ್ಕು ಜನ ಬಂದಿದ್ದರು, "ಏಡಿ ಕಥಿ ಇನ್ನೊಮ್ಮಿ ಹೇಳವಾ" ಎಂದು. ಅದರ ಮರುದಿನ ಹತ್ತು ಜನ. ಪಡಸಾಲೆ ಸಾಲದೆ ಮೆಟ್ಟಿಲ ಮೇಲೂ ಕೂತರು. ಶ್ರದ್ಧಾ ಹೇಳಿದಷ್ಟೂ ಕಥೆ ಚೆಂದವಾಯಿತು. ಆದರೆ ದೇವರ ವಹಿಯನ್ನು ಎದುರಿಗಿಟ್ಟುಕೊಂಡು ಸುಳ್ಳಾಡುತ್ತಿದ್ದೇನೆ ಎಂಬುದು ಅವಳನ್ನು ಕೊರೆಯುತ್ತಿತ್ತು.

ಶುಭಾಂಗಿಕಾಕುವೇನು ಕಿವಿ ಮುಚ್ಚಿಕೊಂಡು ಕೂಡುವವಳೇ? "ಇಷ್ಟು ವರ್ಷ ಕೇಳೀನಿ, ಏಡಿ ಎಂದೂ ಬಂದಿದ್ದಿಲ್ಲ. ಇರ್ಲಿ, ಮುಕ್ತಾಯದ ದಿನ ಮಠದ ಅಯ್ಯಾರ ಕಡಿಂದ ಓದಸೂಣು," ಎಂದು ಓಣಿಯೆಲ್ಲ ಹೇಳಿಕೊಂಡು ಬಂದಳು.

ಪುರಾಣದ ಮುಕ್ತಾಯ ಪ್ರತಿ ವರ್ಷವೂ ಅಕ್ಕಲಕೋಟದ ಒಂದು ಸಣ್ಣ ಮಠದಲ್ಲಿ. ಶ್ರಾವಣದ ಕಡೆಯ ಸೋಮವಾರ ಹೆಂಗಸರ ದಂಡು ಎಸ್‌ಟಿ ಬಸ್ಸು ಹತ್ತಿತು. ದಾರಿಯುದ್ದಕ್ಕೂ ಹಾಡು, ಹರಟೆ, ಉಪವಾಸದ ಶೇಂಗಾ ಉಂಡಿ. ಶ್ರದ್ಧಾ ವಹಿಯನ್ನು ತೊಡೆಯ ಮೇಲಿಟ್ಟುಕೊಂಡು ಕಿಟಕಿಯ ಹೊರಗೆ ನೋಡುತ್ತ ಕೂತಿದ್ದಳು.

ಮಠದ ಮಲ್ಲಯ್ಯ ಅಯ್ಯನವರ ಕಾಲಿಗೆ ಎಲ್ಲರೂ ಬಿದ್ದಾಯಿತು. ಶುಭಾಂಗಿಕಾಕು ತಡಮಾಡಲಿಲ್ಲ. "ಅಯ್ಯಾರ, ಆ ಮುದುಕಿ ಅಧ್ಯಾಯ ಒಂದು ನೀವೇ ಓದ್ರಿ. ನಿಮ್ಮ ಬಾಯಿಲೆ ಕೇಳೂಣು."

ಅಯ್ಯನವರು ಚಷ್ಮಾ ಏರಿಸಿ ವಹಿ ಬಿಚ್ಚಿದರು. ಅವರು ಬಾಯಿ ತೆರೆಯುವ ಮೊದಲೇ ಶ್ರದ್ಧಾ ಎದ್ದು ನಿಂತಳು.

"ಅದರಾಗ ಏಡಿ ಇಲ್ರಿ ಅಯ್ಯಾರ. ಎಡಿ ಅದ, ನೈವೇದ್ಯ. ನನಗ ಕನ್ನಡ ಓದಾಕ ಬರಂಗಿಲ್ಲ. ನಮ್ಮಪ್ಪ ಮರಾಠ್ಯಾಗ ಬರದು ಕೊಟ್ಟಿದ್ದು ತಪ್ಪು ಓದಿದೆ, ತಪ್ಪಿಗೆ ಕಥಿ ಕಟ್ಟಿದೆ." ವಹಿಯೊಳಗಿನ ಹಾಳೆಗಳನ್ನೆಲ್ಲ ತೆಗೆದು ಅವರ ಮುಂದಿಟ್ಟಳು. ಅತ್ತೆಯ ಮುಖ ನೋಡುವ ಧೈರ್ಯವಾಗಲಿಲ್ಲ. "ತಪ್ಪಾತ್ರಿ ಅತ್ಯಾರ."

"ನಾ ಅಂದಿದ್ದೆನಲ್ಲಾ," ಎಂದಳು ಶುಭಾಂಗಿಕಾಕು.

ಆಗ ಹಿಂದಿನಿಂದ ಗುರುಬಾಯಿ ಎದ್ದಳು. "ಹಂಗಾದ್ರ ದೀಪಾಲಿನ್ನ ಹೊಳ್ಳಿ ಕರಸಲ್ಯಾ?"

ಯಾರಿಗೂ ತಿಳಿಯಲಿಲ್ಲ. ಗುರುಬಾಯಿ ಸಿಟ್ಟಿನಲ್ಲೇ ಬಿಡಿಸಿ ಹೇಳಿದಳು. "ನನ್ನ ಸೊಸಿ ದೀಪಾಲಿ ಪಂಚಮಿಗೆ ತವರಿಗೆ ಹೋಗ್ತೀನಿ ಅಂತ ಮೂರು ವರ್ಷ ಕಾಲು ಹಿಡದ್ಲು. ನಾ ಬಿಟ್ಟಿದ್ದಿಲ್ಲ. ಏಡಿ ಕಥಿ ಕೇಳಿದ ಮರುದಿನ ನಾನೇ ಬಸ್ ಹತ್ಸಿ ಸಲಗರ ಬುದ್ರುಕಕ್ಕ ಕಳಿಸೀನಿ. ಶ್ರಾವಣ ತೀರೂತನಾ ಇದ್ದು ಬಾ ಅಂದೀನಿ. ಈಗ ಏಡಿನೇ ಇಲ್ಲಂದ್ರ ಏನ್ ಮಾಡ್ಲಿ? ಹೇಳ್ರಿ ಅಯ್ಯಾರ!"

ಹೆಂಗಸರು ಗೊಳ್ಳೆಂದು ನಕ್ಕರು. ಗುರುಬಾಯಿ ನಗಲಿಲ್ಲ, ಅವಳಿಗೆ ಉತ್ತರ ಬೇಕಿತ್ತು. ಮಲ್ಲಯ್ಯ ಅಯ್ಯನವರು ವಹಿಯನ್ನೊಮ್ಮೆ, ಹಾಳೆಗಳನ್ನೊಮ್ಮೆ ನೋಡಿ ಗಡ್ಡ ಕೆರೆದುಕೊಂಡರು. "ಇದಕ್ಕ ವಹ್ಯಾಗ ಉತ್ತರ ಇಲ್ಲವ್ವಾ. ಕಸ್ತೂರಬಾಯಾರ್ನ ಕೇಳು, ಪುರಾಣ ಅವರ ಮನೀದು."

ಕಸ್ತೂರಬಾಯಿ ನಿಧಾನವಾಗಿ ಕಪ್ಪು ಚಷ್ಮಾ ತೆಗೆದಳು.

"ದೀಪಾಲಿ ಅಲ್ಲೇ ಇರ್ಲಿ," ಎಂದಳು. "ಆ ಸಾಲು ನನಗ ಬಾಯಿಪಾಠ. ಏಡಿ ಅಂದ ಕೂಡ್ಲೇ ಗೊತ್ತಾತು, ಹುಡುಗಿಗೆ ಓದಾಕ ಬರಂಗಿಲ್ಲ ಅಂತ. ತಿದ್ದಬೇಕಂತ ಬಾಯಿ ತಗದೆ. ಆದ್ರ ಆ ಮುದುಕಿ ಏಡಿ ಹಿಡಕೊಂಡು ಮುಂದ ಏನ್ ಮಾಡ್ತಾಳ ಅಂತ ನನಗ ಕೇಳಬೇಕಾಗಿತ್ತು. ಮೂವತ್ತು ವರ್ಷ ಓದೀನಿ ಇದನ್ನ. ಒಂದು ದಿನಾನೂ ಮುಂದ ಏನಾಗ್ತದ ಅಂತ ಅನಿಸಿದ್ದಿಲ್ಲ ನನಗ."

ಕಸ್ತೂರಬಾಯಿ ಸೊಸೆಯನ್ನು ಕೈಹಿಡಿದು ಪಕ್ಕಕ್ಕೆ ಕೂರಿಸಿಕೊಂಡಳು.

"ನಾಳಿಂದ ಮುಂಜಾನೆ ಪಾಟಿ ತಗೊಂಡು ಕೂಡು. ಓದೂದು ನಾ ಕಲಸ್ತೀನಿ. ಹೇಳೂದು ನೀ ನನಗ ಕಲಸು."

ಶ್ರದ್ಧಾ ಮಠ ಎಂಬುದನ್ನೂ ಮರೆತು ಅತ್ತೆಯ ಮಡಿಲಲ್ಲಿ ಮುಖವಿಟ್ಟು ಜೋರಾಗಿ ಅತ್ತುಬಿಟ್ಟಳು.